ಮಾನಸಿಕ ಆರೋಗ್ಯದಲ್ಲಿ ಉದ್ಯಮ ಮತ್ತು ಬರವಣಿಗೆ: ದಾವಣಗೆರೆ, ಚಿತ್ರದುರ್ಗದ ಆಸಕ್ತರು ಪದೇ ಪದೇ ಕೇಳುವ ಪ್ರಶ್ನೆಗಳು

ಮನಃಶಾಸ್ತ್ರ ಅಥವಾ ಸಮಾಜಕಾರ್ಯ ಓದಿದವರು, ವೈದ್ಯರು, ಶಿಕ್ಷಕರು ಮತ್ತು ಮನೆಯಲ್ಲೊಬ್ಬರ ಕಾಯಿಲೆಯನ್ನು ವರ್ಷಗಟ್ಟಲೆ ನೋಡಿಕೊಂಡವರು ಈ ಪ್ರಶ್ನೆಗಳನ್ನು ಕೇಳುತ್ತಿರುತ್ತಾರೆ. ಉತ್ತರಗಳನ್ನು ಈ ಎರಡು ಜಿಲ್ಲೆಗಳ ಸ್ಥಿತಿಗತಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆಯಲಾಗಿದೆ.

ಮಾನಸಿಕ ಆರೋಗ್ಯದ ಉದ್ಯಮಿ ಮತ್ತು ಲೇಖಕ ಎಂದರೆ ನಿಖರವಾಗಿ ಯಾವ ಕೆಲಸ?

ಚಿಕಿತ್ಸೆ ಕೊಡುವುದು ಒಂದು ಕೆಲಸ, ಚಿಕಿತ್ಸೆ ಸಿಗುವಂಥ ವ್ಯವಸ್ಥೆಯನ್ನು ಕಟ್ಟಿ ನಡೆಸುವುದು ಇನ್ನೊಂದು ಕೆಲಸ, ಅದರ ಬಗ್ಗೆ ಜನರಿಗೆ ತಿಳಿಯುವಂತೆ ಬರೆಯುವುದು ಮತ್ತೊಂದು. ಈ ವೃತ್ತಿಯಲ್ಲಿರುವವರು ಸಾಮಾನ್ಯವಾಗಿ ಎರಡನೆಯದನ್ನೂ ಮೂರನೆಯದನ್ನೂ ಮಾಡುತ್ತಾರೆ. ಮೊದಲನೆಯದನ್ನು ಅದಕ್ಕೆ ಅರ್ಹತೆ ಇದ್ದವರು ಮಾತ್ರ ಮಾಡಬೇಕು. ಆಪ್ತ ಸಮಾಲೋಚನಾ ಕೇಂದ್ರ, ಹಗಲು ಆರೈಕೆ ಕೇಂದ್ರ, ಪುನರ್ವಸತಿ ಗೃಹ, ಶಾಲಾ ಕಾಲೇಜುಗಳಿಗೆ ತರಬೇತಿ, ಕಾರ್ಖಾನೆ ಮತ್ತು ಬ್ಯಾಂಕ್ ನೌಕರರಿಗೆ ಸಮಾಲೋಚನೆ, ಮೊಬೈಲ್ ಆ್ಯಪ್ ಇವೆಲ್ಲ ಉದ್ಯಮದ ರೂಪಗಳೇ.

ನಾನು ಮನೋವೈದ್ಯನಲ್ಲ. ಆದರೂ ಇದಕ್ಕೆ ಕೈಹಾಕಬಹುದೆ?

ಹಾಕಬಹುದು, ಹಾಕಿದವರೂ ಇದ್ದಾರೆ. ಮೈಂಡ್‌ಟ್ರೀ ಕಂಪನಿಯ ಸಹಸಂಸ್ಥಾಪಕರೂ ಉದ್ಯಮಶೀಲತೆಯ ಬಗ್ಗೆ ಪುಸ್ತಕಗಳನ್ನು ಬರೆದವರೂ ಆದ ಸುಬ್ರೊತೊ ಬಾಗ್ಚಿ ವೈದ್ಯರಲ್ಲ. ಆದರೆ ಕೇಂದ್ರ ಸರ್ಕಾರದ ಮಾನಸಿಕ ಆರೋಗ್ಯ ಸಂಸ್ಥೆಯಾದ ನಿಮ್ಹಾನ್ಸ್‌ನ ಸಹಯೋಗದಲ್ಲಿ ಬೆಂಗಳೂರಿನಲ್ಲಿ 2014ರಲ್ಲಿ ಆರಂಭವಾಗಿ, ಮಾನಸಿಕ ಆರೋಗ್ಯದ ಮಾಹಿತಿಯನ್ನು ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ಕೊಡತೊಡಗಿದ ವೈಟ್ ಸ್ವಾನ್ ಫೌಂಡೇಶನ್ನಿನ ಹಿಂದೆ ಇದ್ದವರು ಅವರೇ. ಚೆನ್ನೈನಲ್ಲಿ ಬೀದಿಪಾಲಾದ ಮಾನಸಿಕ ಅಸ್ವಸ್ಥ ಮಹಿಳೆಯರಿಗಾಗಿ 1993ರಲ್ಲಿ ‘ದಿ ಬನ್ಯನ್’ ಸಂಸ್ಥೆಯನ್ನು ಆರಂಭಿಸಿದ ವಂದನಾ ಗೋಪಿಕುಮಾರ್ ಮತ್ತು ವೈಷ್ಣವಿ ಜಯಕುಮಾರ್ ಕೂಡ ಮನೋವೈದ್ಯರಲ್ಲ. ಇವರೆಲ್ಲ ಚಿಕಿತ್ಸೆಯ ಭಾಗವನ್ನು ಬಲ್ಲವರ ಕೈಗೆ ಬಿಟ್ಟು, ಹಣ, ಜಾಗ, ಜನ, ಮಾಹಿತಿ ಇವುಗಳನ್ನು ಹೊಂದಿಸುವ ಹೊಣೆಯನ್ನು ತಾವು ಹೊತ್ತರು ಎಂಬುದನ್ನು ಗಮನಿಸಬೇಕು. ಸಂಸ್ಥೆ ನಡೆಸುವವರು ತಾವೇ ಸಮಾಲೋಚನೆಯ ಕುರ್ಚಿಯಲ್ಲಿ ಕುಳಿತುಬಿಡುವ ಆಸೆಯನ್ನು ತಡೆದುಕೊಳ್ಳುವುದೇ ಈ ದಾರಿಯಲ್ಲಿ ಎಲ್ಲಕ್ಕಿಂತ ಕಷ್ಟದ ಶಿಸ್ತು.

ಚಿಕಿತ್ಸೆಯನ್ನೂ ನಾನೇ ಕೊಡಬೇಕೆಂದಿದ್ದರೆ ಏನು ಓದಬೇಕು?

ಮನೋವೈದ್ಯರಾಗಿ ಔಷಧ ಬರೆಯಬೇಕೆಂದರೆ ಎಂ.ಬಿ.ಬಿ.ಎಸ್. ನಂತರ ಮನೋವೈದ್ಯಶಾಸ್ತ್ರದಲ್ಲಿ ಸ್ನಾತಕೋತ್ತರ ಪದವಿ ಬೇಕು. ಚಿಕಿತ್ಸಾ ಮನಃಶಾಸ್ತ್ರಜ್ಞರೆಂದು ಕರೆದುಕೊಳ್ಳಬೇಕಾದರೆ ಭಾರತೀಯ ಪುನರ್ವಸತಿ ಪರಿಷತ್ತು ಮಾನ್ಯ ಮಾಡಿದ ಕೋರ್ಸನ್ನು ಮುಗಿಸಿ, ಪರಿಷತ್ತಿನ ಕೇಂದ್ರೀಯ ದಾಖಲೆಯಲ್ಲಿ ಹೆಸರು ನೋಂದಾಯಿಸಿರಬೇಕು. ಇದು 1992ರ ಪುನರ್ವಸತಿ ಪರಿಷತ್ ಕಾಯ್ದೆಯ ನಿಯಮ. ಮನಃಶಾಸ್ತ್ರದ ಎಂ.ಎ. ಅಥವಾ ಎಂ.ಎಸ್ಸಿ. ಆದ ಮೇಲೆ ಎರಡು ವರ್ಷದ ಎಂ.ಫಿಲ್. ಮಾಡುವುದು ಇದುವರೆಗಿನ ರೂಢಿ. ಎಂ.ಫಿಲ್. ಪದವಿಯನ್ನೇ ದೇಶದಲ್ಲಿ ಕೈಬಿಡಲಾಗುತ್ತಿರುವುದರಿಂದ ಕೋರ್ಸುಗಳ ಸ್ವರೂಪ ಬದಲಾಗುತ್ತಿದೆ. ಶುಲ್ಕ ಕಟ್ಟುವ ಮೊದಲು ಪರಿಷತ್ತಿನ ಮಾನ್ಯತೆ ಪಡೆದ ಸಂಸ್ಥೆಗಳ ಪಟ್ಟಿಯನ್ನು ಸ್ವತಃ ನೋಡಿಕೊಳ್ಳುವುದು ಕ್ಷೇಮ. ಆಪ್ತ ಸಮಾಲೋಚಕರು ಮತ್ತು ಮನಃಶಾಸ್ತ್ರಜ್ಞರನ್ನು 2021ರ ಸಹಾಯಕ ಮತ್ತು ಆರೋಗ್ಯ ವೃತ್ತಿಗಳ ರಾಷ್ಟ್ರೀಯ ಆಯೋಗ ಕಾಯ್ದೆಯ ವ್ಯಾಪ್ತಿಗೆ ತರಲಾಗಿದೆ.

ರಾಜ್ಯದೊಳಗೆ ಓದಲು ಮೊದಲು ನೆನಪಾಗುವ ಹೆಸರುಗಳು ಬೆಂಗಳೂರಿನ ನಿಮ್ಹಾನ್ಸ್ ಮತ್ತು ಧಾರವಾಡದ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್. ಎರಡನೆಯದರ ಮೂಲ 1845ರಷ್ಟು ಹಿಂದಕ್ಕೆ ಹೋಗುತ್ತದೆ, ಮತ್ತು ದಾವಣಗೆರೆಯವರಿಗೆ ಅದು ಬೆಂಗಳೂರಿಗಿಂತ ಹತ್ತಿರ.

ಮೂರು ತಿಂಗಳ ಆನ್‌ಲೈನ್ ಡಿಪ್ಲೊಮಾ ಮಾಡಿ ಬೋರ್ಡು ಹಾಕಬಹುದೆ?

ಬೇಡ.

ದಾವಣಗೆರೆಯಂಥ ಊರಿನಲ್ಲಿ ಇಂಥ ಉದ್ಯಮಕ್ಕೆ ಅಗತ್ಯವಿದೆಯೆ, ಅಥವಾ ಇದೆಲ್ಲ ಬೆಂಗಳೂರಿನ ಮಾತೆ?

ನಿಮ್ಹಾನ್ಸ್ 2015–16ರಲ್ಲಿ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯ ಪ್ರಕಾರ ವಯಸ್ಕರಲ್ಲಿ ಶೇ. 10.6ರಷ್ಟು ಮಂದಿಗೆ ಆ ಹೊತ್ತಿನಲ್ಲಿ ಯಾವುದಾದರೊಂದು ಮಾನಸಿಕ ಸಮಸ್ಯೆ ಇತ್ತು. ಕಾಯಿಲೆಯನ್ನು ಅವಲಂಬಿಸಿ ಶೇ. 70ರಿಂದ 92ರಷ್ಟು ಜನರಿಗೆ ಚಿಕಿತ್ಸೆ ದೊರೆತಿರಲಿಲ್ಲ. ಸಮೀಕ್ಷೆ ನಡೆದ 12 ರಾಜ್ಯಗಳಲ್ಲಿ ಕರ್ನಾಟಕ ಇರಲಿಲ್ಲ. ಆದ್ದರಿಂದ ಈ ಅಂಕಿಗಳನ್ನು ಜಿಲ್ಲೆಯ ಜನಸಂಖ್ಯೆಗೆ ಗುಣಿಸಿ ಬ್ಯಾಂಕಿಗೆ ಕೊಡುವ ಯೋಜನಾ ವರದಿಯಲ್ಲಿ ತುಂಬುವುದು ಸರಿಯಲ್ಲ. ಕೊರತೆ ದೊಡ್ಡದು ಎಂದು ತಿಳಿಯಲು ಮಾತ್ರ ಅವು ಸಾಕು.

ಮಾನಸಿಕ ಆರೋಗ್ಯ ಸೇವೆಯನ್ನು ದೊಡ್ಡ ಆಸ್ಪತ್ರೆಗಳಿಂದ ಹಳ್ಳಿಗೆ ತರುವ ಪ್ರಯತ್ನದ ಚರಿತ್ರೆಯಲ್ಲಿ ನಮ್ಮ ಸೀಮೆಗೆ ಒಳ್ಳೆಯ ಸ್ಥಾನವೇ ಇದೆ ಎಂಬುದು ಇಲ್ಲಿನ ಎಷ್ಟೋ ಜನರಿಗೆ ಗೊತ್ತಿಲ್ಲ. ರಾಷ್ಟ್ರೀಯ ಮಾನಸಿಕ ಆರೋಗ್ಯ ಕಾರ್ಯಕ್ರಮ 1982ರಲ್ಲಿ ಶುರುವಾದ ಮೇಲೆ, ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೂ ಸಿಬ್ಬಂದಿಗೂ ತರಬೇತಿ ಕೊಟ್ಟು ಅಲ್ಲಿಯೇ ಚಿಕಿತ್ಸೆ ಕೊಡಿಸಬಹುದೆ ಎಂದು ನಿಮ್ಹಾನ್ಸ್ ಪರೀಕ್ಷಿಸಿ ನೋಡಿದ್ದು ಪಕ್ಕದ ಬಳ್ಳಾರಿ ಜಿಲ್ಲೆಯಲ್ಲಿ. ಆ ‘ಬಳ್ಳಾರಿ ಮಾದರಿ’ಯನ್ನೇ ಆಧಾರವಾಗಿಟ್ಟುಕೊಂಡು 1996ರಲ್ಲಿ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮ ದೇಶದಲ್ಲಿ ಆರಂಭವಾಯಿತು. ದೀಪಿಕಾ ಪಡುಕೋಣೆಯವರು 2015ರಲ್ಲಿ ಸ್ಥಾಪಿಸಿದ ಲಿವ್ ಲವ್ ಲಾಫ್ ಫೌಂಡೇಶನ್ ತನ್ನ ಗ್ರಾಮೀಣ ಕಾರ್ಯಕ್ರಮಕ್ಕೆ ಮರುವರ್ಷ ಆರಿಸಿಕೊಂಡದ್ದೂ ದಾವಣಗೆರೆ ಜಿಲ್ಲೆಯನ್ನೇ.

ಇಲ್ಲಿನ ಅಗತ್ಯವೂ ಒಂದೇ ಬಗೆಯದಲ್ಲ. ದಾವಣಗೆರೆಯಲ್ಲಿ ವೈದ್ಯಕೀಯ, ಎಂಜಿನಿಯರಿಂಗ್ ಮತ್ತು ಪಿ.ಯು. ಕಾಲೇಜುಗಳ ಹಾಸ್ಟೆಲುಗಳು ತುಂಬಿವೆ. ಪರೀಕ್ಷೆಯ ಭಯ, ಮನೆಯವರ ನಿರೀಕ್ಷೆ, ನಿದ್ದೆಗೆಟ್ಟ ರಾತ್ರಿಗಳು ಅಲ್ಲಿನ ದಿನನಿತ್ಯದ ಸಂಗತಿ. ಜಗಳೂರು, ಚಳ್ಳಕೆರೆ, ಮೊಳಕಾಲ್ಮುರು ಕಡೆಗೆ ಹೋದರೆ ಮಳೆ ಕೈಕೊಟ್ಟ ಶೇಂಗಾ, ಬೆಲೆ ಬಿದ್ದ ಈರುಳ್ಳಿ ಮತ್ತು ಸಾಲ. ಹತ್ತಿ ಗಿರಣಿಗಳು ಮುಚ್ಚಿದ ಮೇಲೆ ಕುಡಿತಕ್ಕೆ ಬಿದ್ದ ಮನೆಗಳ ಕಥೆಯನ್ನು ಹಳೇ ದಾವಣಗೆರೆಯ ಹಿರಿಯರು ಇಂದಿಗೂ ಹೇಳುತ್ತಾರೆ. ವಿದ್ಯಾನಗರದ ಕಾಲೇಜು ವಿದ್ಯಾರ್ಥಿಗಾಗಿ ರೂಪಿಸಿದ ಸೇವೆ ಮಂಡಕ್ಕಿ ಭಟ್ಟಿಯ ಕಾರ್ಮಿಕನ ಉಪಯೋಗಕ್ಕೆ ಬಾರದು. ಯಾರಿಗಾಗಿ ಎಂಬುದನ್ನು ನಿರ್ಧರಿಸದೆ ಕೇಂದ್ರ ತೆರೆಯುವವರು ಬಾಡಿಗೆ ಕಟ್ಟುವುದರಲ್ಲೇ ಸುಸ್ತಾಗುತ್ತಾರೆ.

ಸರ್ಕಾರಿ ಸೇವೆ ಉಚಿತವಾಗಿರುವಾಗ ಹಣ ಕೊಟ್ಟು ಯಾರು ಬರುತ್ತಾರೆ?

ಜಿಲ್ಲಾ ಆಸ್ಪತ್ರೆಯಲ್ಲಿ ಮನೋವೈದ್ಯ ವಿಭಾಗವಿದೆ. ರಾಜ್ಯ ಸರ್ಕಾರದ ಮನೋಚೈತನ್ಯ ಕಾರ್ಯಕ್ರಮದಡಿ ತಾಲ್ಲೂಕು ಆಸ್ಪತ್ರೆಗಳಲ್ಲಿ ಮಂಗಳವಾರ ಮನೋವೈದ್ಯರು ಸಿಗುವ ವ್ಯವಸ್ಥೆ ಆಗಿದೆ. 2022ರ ಅಕ್ಟೋಬರ್ 10ರಂದು ಆರಂಭವಾದ ಟೆಲಿ ಮಾನಸ್ ಸಹಾಯವಾಣಿಗೆ 14416ಕ್ಕೆ ಕರೆ ಮಾಡಿ ಹಗಲು ರಾತ್ರಿಯೆನ್ನದೆ ಕನ್ನಡದಲ್ಲಿಯೇ ಮಾತನಾಡಬಹುದು. ಇವುಗಳೊಡನೆ ಪೈಪೋಟಿಗೆ ಇಳಿಯುವುದು ಅವಿವೇಕ, ಅನಗತ್ಯ ಕೂಡ. ಸರ್ಕಾರಿ ವ್ಯವಸ್ಥೆಯಲ್ಲಿ ವೈದ್ಯರು ರೋಗಿಗೆ ಕೊಡಬಲ್ಲ ಸಮಯ ಕಡಿಮೆ. ಔಷಧ ಶುರುವಾದ ಮೇಲೆ ವಾರಕ್ಕೊಮ್ಮೆ ಕೂತು ಮಾತನಾಡುವುದು, ಮನೆಯವರಿಗೆ ಕಾಯಿಲೆ ಅರ್ಥಮಾಡಿಸುವುದು, ಗುಣವಾದವರನ್ನು ಮತ್ತೆ ಕೆಲಸಕ್ಕೆ ಹಚ್ಚುವುದು, ಮಾತ್ರೆ ತಪ್ಪಿಸದಂತೆ ವಿಚಾರಿಸಿಕೊಳ್ಳುವುದು, ಇವು ಬಿಟ್ಟುಹೋಗುವ ಕೆಲಸಗಳು. ಖಾಸಗಿ ಉದ್ಯಮಕ್ಕೆ ಇಲ್ಲಿ ಜಾಗವಿದೆ.

ಹಣದ ಮಾತಿಗೆ ಬಂದರೆ, ಒಬ್ಬೊಬ್ಬರಿಂದ ಪಡೆಯುವ ಶುಲ್ಕದ ಮೇಲೆಯೇ ಕೇಂದ್ರ ನಿಲ್ಲುತ್ತದೆ ಎಂದು ನಂಬಬಾರದು. ಕಾಲೇಜುಗಳು, ಸಹಕಾರಿ ಬ್ಯಾಂಕುಗಳು, ಆಸ್ಪತ್ರೆಗಳು, ಹರಿಹರದ ಆಚೆ ದಡದ ಕುಮಾರಪಟ್ಟಣದಂಥ ಕಡೆ ಇರುವ ಕಾರ್ಖಾನೆಗಳು ವರ್ಷದ ಒಪ್ಪಂದ ಮಾಡಿಕೊಂಡರೆ ಸಂಬಳ ಕೊಡುವಷ್ಟು ಆದಾಯ ಖಚಿತವಾಗುತ್ತದೆ, ಬಡವರಿಗೆ ಶುಲ್ಕ ಇಳಿಸುವುದಕ್ಕೂ ದಾರಿಯಾಗುತ್ತದೆ. ಆದರೆ ಒಪ್ಪಂದದಲ್ಲಿಯೇ ಒಂದು ಮಾತು ಸ್ಪಷ್ಟವಾಗಿ ಬರೆಸಿಕೊಳ್ಳಬೇಕು: ಯಾವ ನೌಕರ ಅಥವಾ ವಿದ್ಯಾರ್ಥಿ ಬಂದಿದ್ದ, ಏನು ಹೇಳಿದ ಎಂಬುದನ್ನು ಆಡಳಿತ ಮಂಡಳಿಗೆ ತಿಳಿಸುವುದಿಲ್ಲ. ಇದಕ್ಕೆ ಒಪ್ಪದ ಸಂಸ್ಥೆಯನ್ನು ಎಷ್ಟೇ ಹಣ ಬಂದರೂ ಬಿಟ್ಟುಬಿಡುವುದು ಮೇಲು.

ಯಾವ ಯಾವ ನೋಂದಣಿ ಬೇಕು?

ಮಾನಸಿಕ ಅಸ್ವಸ್ಥರನ್ನು ಸೇರಿಸಿಕೊಂಡು ಇರಿಸಿಕೊಳ್ಳುವ ಯಾವುದೇ ಸಂಸ್ಥೆ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ ಪ್ರಕಾರ ರಾಜ್ಯ ಮಾನಸಿಕ ಆರೋಗ್ಯ ಪ್ರಾಧಿಕಾರದಲ್ಲಿ ನೋಂದಣಿಯಾಗಿರಬೇಕು. ಕುಡಿತ ಮತ್ತು ಮಾದಕ ವಸ್ತುಗಳ ದುರ್ಬಳಕೆಗೆ ಸಂಬಂಧಿಸಿದ ಸ್ಥಿತಿಗಳೂ ಈ ಕಾಯ್ದೆಯ ವ್ಯಾಖ್ಯೆಯೊಳಗೆ ಬರುತ್ತವೆ. ಹೀಗಾಗಿ ‘ನಮ್ಮದು ಬರೀ ಕುಡಿತ ಬಿಡಿಸುವ ಕೇಂದ್ರ’ ಎಂದು ತಪ್ಪಿಸಿಕೊಳ್ಳಲಾಗದು. ನೋಂದಣಿ ಇಲ್ಲದೆ ನಡೆಸಿದರೆ ಮೊದಲ ಸಲ 5,000ದಿಂದ 50,000 ರೂಪಾಯಿ, ಎರಡನೆಯ ಸಲ 2 ಲಕ್ಷದವರೆಗೆ, ಆಮೇಲೆ 5 ಲಕ್ಷದವರೆಗೆ ದಂಡವಿದೆ. ಮನೆಯಿಂದ ಬಲವಂತವಾಗಿ ಎತ್ತಿಕೊಂಡು ಬಂದು ಬಾಗಿಲು ಹಾಕಿ ಇಡುವ ‘ವ್ಯಸನಮುಕ್ತಿ ಕೇಂದ್ರ’ಗಳನ್ನು ಕಂಡವರಿಗೆ ಈ ಕಾಯ್ದೆ ಏಕೆ ಬೇಕಾಯಿತೆಂದು ವಿವರಿಸಬೇಕಿಲ್ಲ, ರೋಗಿಯನ್ನು ಸರಪಳಿಯಲ್ಲಿ ಕಟ್ಟುವುದನ್ನು ಅದು ಯಾವ ಕಾರಣಕ್ಕೂ ಒಪ್ಪುವುದಿಲ್ಲ.

ವೈದ್ಯರು ಚಿಕಿತ್ಸೆ ನೀಡುವ ಕ್ಲಿನಿಕ್ಕಾದರೆ 2007ರ ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆಯ ನೋಂದಣಿಯೂ ಬೇಕು. ಬರೀ ಸಮಾಲೋಚನೆ ಮತ್ತು ತರಬೇತಿಯ ಕೇಂದ್ರಕ್ಕೆ ಸಣ್ಣ ಉದ್ದಿಮೆಗಳ ಉದ್ಯಮ್ ನೋಂದಣಿ ಮತ್ತು ಪಾಲಿಕೆಯ ಪರವಾನಗಿಯಿಂದ ಆರಂಭಿಸಬಹುದು. ಉದ್ಯಮ್ ನೋಂದಣಿಗೆ ಶುಲ್ಕವಿಲ್ಲ, ಮಾಡಿಸಿಕೊಡುತ್ತೇವೆಂದು ಹಣ ಕೇಳುವ ಮಧ್ಯವರ್ತಿಗಳಿಗೆ ಕೊಡಬೇಕಾಗಿಲ್ಲ. ಲಾಭದ ಉದ್ದೇಶವಿಲ್ಲದಿದ್ದರೆ ಟ್ರಸ್ಟ್, 1960ರ ಕಾಯ್ದೆಯಡಿ ಸಂಘ, ಅಥವಾ 2013ರ ಕಂಪನಿ ಕಾಯ್ದೆಯ 8ನೇ ಸೆಕ್ಷನ್ನಿನ ಕಂಪನಿ ಎಂಬ ಮೂರು ದಾರಿಗಳಿವೆ. ಆಸ್ಪತ್ರೆಯ ಚಿಕಿತ್ಸೆಗೆ ಜಿ.ಎಸ್.ಟಿ. ವಿನಾಯಿತಿ ಇದ್ದರೂ ತರಬೇತಿ ಕಾರ್ಯಾಗಾರಗಳಿಗೆ ಅದು ತಾನಾಗಿ ಅನ್ವಯಿಸದು, ಆದ್ದರಿಂದ ವರ್ಷದ ವಹಿವಾಟು 20 ಲಕ್ಷ ದಾಟುವ ಮೊದಲೇ ಲೆಕ್ಕ ಪರಿಶೋಧಕರನ್ನು ಕಾಣಬೇಕು.

ಬಂಡವಾಳ ಎಲ್ಲಿಂದ?

ಮುದ್ರಾ ಸಾಲವಿದೆ. ಪ್ರಧಾನಮಂತ್ರಿ ಉದ್ಯೋಗ ಸೃಜನ ಕಾರ್ಯಕ್ರಮದಲ್ಲಿ ಸೇವಾ ವಲಯದ ಯೋಜನೆಗೆ 20 ಲಕ್ಷ ರೂಪಾಯಿಯ ಮಿತಿ ಇದೆ. ತಂತ್ರಜ್ಞಾನ ಆಧಾರಿತ ಹೊಸ ಯೋಚನೆಯಾದರೆ ರಾಜ್ಯ ಸರ್ಕಾರದ ಎಲಿವೇಟ್ ಕಾರ್ಯಕ್ರಮದಡಿ 50 ಲಕ್ಷದವರೆಗೆ ಅನುದಾನಕ್ಕೆ ಸ್ಪರ್ಧಿಸಬಹುದು. ಆದರೂ ಎರಡು ಕೋಣೆ, ಅರ್ಹ ಸಮಾಲೋಚಕರೊಬ್ಬರು, ಹತ್ತಿರದ ಮನೋವೈದ್ಯರೊಬ್ಬರ ಜೊತೆ ಲಿಖಿತ ಹೊಂದಾಣಿಕೆ, ಇಷ್ಟರಿಂದ ಶುರುಮಾಡಿದರೆ ಸಾಲದ ಹೊರೆ ಇಲ್ಲದೆ ನಿಧಾನಕ್ಕೆ ಬೆಳೆಯಬಹುದು ಎಂಬುದು ನಮ್ಮ ಅಭಿಪ್ರಾಯ. ಕಂತು ಕಟ್ಟುವ ಒತ್ತಡದಲ್ಲಿರುವ ಕೇಂದ್ರಕ್ಕೆ ಗುಣವಾದವರನ್ನು ‘ಇನ್ನು ಬರಬೇಕಾಗಿಲ್ಲ’ ಎಂದು ಕಳಿಸುವುದು ಕಷ್ಟವಾಗುತ್ತದೆ.

ಕೇಂದ್ರದ ಬೋರ್ಡು ನೋಡಿದರೆ ಜನ ಒಳಗೆ ಬರಲು ಹೆದರುತ್ತಾರಲ್ಲ?

ಹೆದರುತ್ತಾರೆ. ಜಯದೇವ ವೃತ್ತದಲ್ಲಿ ಕೆಳಮಹಡಿಯ ಅಂಗಡಿ ಹಿಡಿದು ದೊಡ್ಡಕ್ಷರದ ಬೋರ್ಡು ಹಾಕಿದರೆ ಪ್ರಚಾರ ಸಿಗಬಹುದು, ಆದರೆ ಮೆಟ್ಟಿಲು ಹತ್ತುವವರನ್ನು ದಾರಿಯಲ್ಲಿ ಹೋಗುವ ನೆಂಟರು ನೋಡುತ್ತಾರೆ. ಇತರ ಕ್ಲಿನಿಕ್ಕುಗಳೂ ಲ್ಯಾಬುಗಳೂ ಇರುವ ಕಟ್ಟಡದಲ್ಲಿ ಜಾಗ ಹಿಡಿಯುವುದು, ಕಾಯುವವರು ಎದುರುಬದುರಾಗದಂತೆ ಸಮಯ ಕೊಡುವುದು, ಹೆಸರನ್ನು ಕೂಗದಿರುವುದು, ಇಷ್ಟರಿಂದಲೇ ಅರ್ಧ ಅಂಜಿಕೆ ಕಡಿಮೆಯಾಗುತ್ತದೆ.

ಉಕ್ಕಡಗಾತ್ರಿಗೆ ಹೋದರೆ ವಾಸಿಯಾಗುತ್ತದೆ ಎನ್ನುವವರಿಗೆ ಏನು ಹೇಳಬೇಕು?

ಹರಿಹರ ತಾಲ್ಲೂಕಿನ ಉಕ್ಕಡಗಾತ್ರಿಯ ಕರಿಬಸವೇಶ್ವರ ಅಜ್ಜಯ್ಯನ ಸನ್ನಿಧಿಗೆ ಗಾಳಿ ಸೋಕಿದೆ, ಮಾಟವಾಗಿದೆ ಎಂದು ನಂಬಿದ ಕುಟುಂಬಗಳು ದೂರದೂರದಿಂದ ಬರುತ್ತವೆ. ಅವರನ್ನು ಹಂಗಿಸುವ ಸಮಾಲೋಚಕ ಮರುದಿನದಿಂದ ಅವರ ಮುಖ ನೋಡಲಾರ. ಕಾಯಿಲೆಯಾದವರನ್ನು ಅಷ್ಟು ದೂರ ಕರೆದುಕೊಂಡು ಹೋಗುವುದರಲ್ಲಿ ಮನೆಯವರ ಕಾಳಜಿ ಇದೆ ಎಂಬುದನ್ನು ಮೊದಲು ಒಪ್ಪಿಕೊಳ್ಳಬೇಕು. ‘ಅಜ್ಜಯ್ಯನ ಹರಕೆ ಸಲ್ಲಿಸಿ ಬನ್ರಿ, ಮಾತ್ರೆ ಮಾತ್ರ ನಿಲ್ಲಿಸಬ್ಯಾಡ್ರಿ’ ಎಂದು ಹೇಳುವ ವೈದ್ಯರ ಬಳಿ ರೋಗಿಗಳು ಉಳಿದುಕೊಳ್ಳುತ್ತಾರೆ. ಹೊಡೆಯುವುದು, ಉಪವಾಸ ಕೆಡಹುವುದು, ಔಷಧ ಬಿಡಿಸುವುದು ಇವುಗಳ ವಿಷಯದಲ್ಲಿ ಮಾತ್ರ ಯಾವ ರಾಜಿಯೂ ಇರಬಾರದು.

ಮಠಗಳನ್ನೂ ಮರೆಯುವಂತಿಲ್ಲ. ಸಿರಿಗೆರೆಯ ತರಳಬಾಳು ಮಠದ ಸದ್ಧರ್ಮ ನ್ಯಾಯಪೀಠದ ಮುಂದೆ ಜನ ಜಮೀನಿನ ತಂಟೆಯನ್ನೂ ಗಂಡ ಹೆಂಡಿರ ಜಗಳವನ್ನೂ ಒಯ್ಯುತ್ತಾರೆ. ಇಂಥ ಜಗಳಗಳ ಹಿಂದೆ ಕುಡಿತವೋ ಖಿನ್ನತೆಯೋ ಇರುವುದುಂಟು. ಜನ ಈಗಾಗಲೇ ನಂಬಿರುವ ಜಾಗಗಳವರಿಗೆ, ಯಾವ ಲಕ್ಷಣ ಕಂಡರೆ ವೈದ್ಯರ ಬಳಿ ಕಳಿಸಬೇಕೆಂದು ತಿಳಿಸಿಕೊಡುವುದು ಪತ್ರಿಕೆಯ ಜಾಹೀರಾತಿಗಿಂತ ಹೆಚ್ಚು ಕೆಲಸ ಮಾಡೀತು.

ಕನ್ನಡದಲ್ಲಿ ಮಾನಸಿಕ ಆರೋಗ್ಯದ ಪುಸ್ತಕ ಯಾರು ಓದುತ್ತಾರೆ?

ಓದುತ್ತಾ ಬಂದಿದ್ದಾರೆ. ‘ಕೊರವಂಜಿ’ ಹಾಸ್ಯಪತ್ರಿಕೆಯನ್ನು 1942ರಲ್ಲಿ ಆರಂಭಿಸಿದ, ರಾಶಿ ಎಂದೇ ಹೆಸರಾದ ವೈದ್ಯ ಡಾ. ಎಂ. ಶಿವರಾಂ ಮನೋರೋಗಗಳನ್ನು ಕುರಿತು ಬರೆದ ‘ಮನಮಂಥನ’ಕ್ಕೆ 1976ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಕಾದಂಬರಿ ಕವಿತೆಗಳ ಸಾಲಿನಲ್ಲಿ ಮನೋವೈದ್ಯಕ್ಕೆ ಸಂಬಂಧಿಸಿದ ಪುಸ್ತಕವೊಂದು ಆ ಗೌರವ ಪಡೆದದ್ದು ಕನ್ನಡಕ್ಕೆ ಹೆಮ್ಮೆಯ ಸಂಗತಿ. ನಿಮ್ಹಾನ್ಸ್‌ನಲ್ಲಿ ಪ್ರಾಧ್ಯಾಪಕರಾಗಿದ್ದ ಡಾ. ಸಿ.ಆರ್. ಚಂದ್ರಶೇಖರ್ ದಶಕಗಳಿಂದ ಸಣ್ಣ, ಅಗ್ಗದ, ಒಂದೇ ಸಲ ಕೂತು ಓದಿ ಮುಗಿಸಬಹುದಾದ ಪುಸ್ತಕಗಳನ್ನು ಬರೆಯುತ್ತಾ ಬಂದಿದ್ದಾರೆ. 2024ರಲ್ಲಿ ಅವರಿಗೆ ಪದ್ಮಶ್ರೀ ಪ್ರಶಸ್ತಿ ಘೋಷಣೆಯಾಯಿತು. ಹೊಸದಾಗಿ ಬರೆಯುವವರು ಇವರಿಂದ ಕಲಿಯಬೇಕಾದ್ದು ವಿಷಯಕ್ಕಿಂತ ಹೆಚ್ಚಾಗಿ ಓದುಗರನ್ನು ಕಾಣುವ ಬಗೆ: ಕಾಯಿಲೆಯ ಹೆಸರಿನಿಂದ ಶುರುಮಾಡದೆ, ಮನೆಯಲ್ಲಿ ಕಾಣಿಸುವ ಲಕ್ಷಣದಿಂದ ಶುರುಮಾಡುವುದು.

ಬೆಳೆವಿಮೆಗೂ ಆತಂಕಕ್ಕೂ ಇರುವ ನಂಟು, ಬಾಣಂತಿಯ ಖಿನ್ನತೆ, ವಯಸ್ಸಾದವರ ಮರೆವನ್ನು ಸೊಸೆಯೊಬ್ಬಳೇ ನೋಡಿಕೊಳ್ಳುವ ಕಷ್ಟ, ಮೊಬೈಲಿನ ಜೂಜಿನಲ್ಲಿ ಸಾಲ ಮಾಡಿಕೊಂಡ ಹುಡುಗರು, ಈ ಬಗ್ಗೆ ಮಧ್ಯ ಕರ್ನಾಟಕದ ಬದುಕನ್ನು ಬಲ್ಲವರು ಬರೆದದ್ದು ಸಾಲದು. ವಿದೇಶಿ ಸ್ವಸಹಾಯ ಪುಸ್ತಕಗಳ ಸಾರವನ್ನು ಕನ್ನಡಕ್ಕೆ ಇಳಿಸುವ ಕೆಲಸ ಬೇಕಾದಷ್ಟು ಆಗಿದೆ.

ಕೇಂದ್ರಕ್ಕೆ ಬಂದವರ ಕಥೆಗಳನ್ನು ಹೆಸರು ಬದಲಿಸಿ ಬರೆಯಬಹುದೆ?

ಹೆಸರು ಬದಲಿಸಿದರೆ ಸಾಕು ಎಂಬುದು ದೊಡ್ಡ ನಗರದಲ್ಲಿ ನಡೆಯಬಹುದಾದ ಲೆಕ್ಕಾಚಾರ. ‘ಚನ್ನಗಿರಿ ಕಡೆಯ ಅಡಿಕೆ ವ್ಯಾಪಾರಿ, ಇಬ್ಬರು ಹೆಣ್ಣುಮಕ್ಕಳು, ಹಿರಿಯಳಿಗೆ ಮದುವೆ ಮುರಿದಿತ್ತು’ ಎಂದು ಬರೆದರೆ ಅರ್ಧ ತಾಲ್ಲೂಕಿಗೆ ಯಾರೆಂದು ತಿಳಿದುಬಿಡುತ್ತದೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 23ನೇ ಸೆಕ್ಷನ್ ರೋಗಿಗೆ ಗೋಪ್ಯತೆಯ ಹಕ್ಕು ಕೊಟ್ಟಿದೆ. ಚಿಕಿತ್ಸೆಯಲ್ಲಿರುವವರ ಫೋಟೊವನ್ನಾಗಲಿ ಮಾಹಿತಿಯನ್ನಾಗಲಿ ಅವರ ಒಪ್ಪಿಗೆ ಇಲ್ಲದೆ ಮಾಧ್ಯಮಕ್ಕೆ ಕೊಡಬಾರದೆಂದು 24ನೇ ಸೆಕ್ಷನ್ ಹೇಳುತ್ತದೆ. ಹಲವರ ಅನುಭವಗಳನ್ನು ಬೆರೆಸಿ ಕಲ್ಪಿತ ಪಾತ್ರವೊಂದನ್ನು ಕಟ್ಟಿ, ಅದು ಕಲ್ಪಿತವೆಂದು ಮುನ್ನುಡಿಯಲ್ಲಿ ಹೇಳಿಬಿಡುವುದು ಸರಿಯಾದ ಕ್ರಮ. ಬರೆದು ಒಪ್ಪಿಗೆ ಕೊಟ್ಟವರ ವಿಷಯದಲ್ಲೂ, ಒಪ್ಪಿಗೆ ಕೊಡುವಾಗ ಅವರು ಚಿಕಿತ್ಸೆಗಾಗಿ ನಿಮ್ಮನ್ನೇ ಅವಲಂಬಿಸಿದ್ದರೆ, ಅದನ್ನು ಪೂರ್ಣ ಒಪ್ಪಿಗೆಯೆಂದು ತಿಳಿಯಬಾರದು.

ನನ್ನ ಸ್ವಂತ ಕಾಯಿಲೆಯ ಬಗ್ಗೆ ಬರೆದರೆ?

ನಿಮ್ಮ ಕಥೆಯನ್ನು ಹೇಳುವ ಹಕ್ಕು ನಿಮ್ಮದು, ಆದರೆ ಅದರಲ್ಲಿ ಬರುವ ತಾಯಿ, ಗಂಡ, ಅಣ್ಣತಮ್ಮಂದಿರ ಭಾಗ ಅವರದೂ ಹೌದು. ಪ್ರಕಟಿಸುವ ಮೊದಲು ಅವರಿಗೆ ಓದಿಸಿ. ನಿಮಗೆ ಹಿಡಿದ ಔಷಧ ಎಲ್ಲರಿಗೂ ಹಿಡಿಯುತ್ತದೆ ಎಂಬ ಅರ್ಥ ಬರುವ ವಾಕ್ಯಗಳನ್ನು ತೆಗೆದುಹಾಕಿ.

ಆತ್ಮಹತ್ಯೆಯ ಬಗ್ಗೆ ಬರೆಯುವಾಗ ಏನು ಎಚ್ಚರ ಬೇಕು?

ವಿಧಾನವನ್ನು ವರ್ಣಿಸಬಾರದು, ಸ್ಥಳವನ್ನು ಪ್ರಸಿದ್ಧಿ ಮಾಡಬಾರದು, ಒಂದೇ ಕಾರಣ ಹೇಳಿ ಮುಗಿಸಬಾರದು. ‘ಸಾಲಬಾಧೆಯಿಂದ’ ಎಂಬ ಒಂದೇ ಪದದಲ್ಲಿ ರೈತನ ಸಾವನ್ನು ಮುಗಿಸುವ ಸುದ್ದಿಗಳಲ್ಲಿ ಈ ದೋಷವಿದೆ. ಸಹಾಯವಾಣಿಯ ಸಂಖ್ಯೆಯನ್ನು ಅದೇ ಪುಟದಲ್ಲಿ ಕೊಡಬೇಕು. ಆತ್ಮಹತ್ಯೆಗೆ ಯತ್ನಿಸಿದವರು ತೀವ್ರ ಒತ್ತಡದಲ್ಲಿದ್ದರೆಂದೇ ಭಾವಿಸಬೇಕು, ಶಿಕ್ಷಿಸಬಾರದು ಎಂದು 2017ರ ಕಾಯ್ದೆಯ 115ನೇ ಸೆಕ್ಷನ್ ಹೇಳುತ್ತದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ, ಆತ್ಮಹತ್ಯೆಯ ಯತ್ನವನ್ನು ಅಪರಾಧವೆನ್ನುತ್ತಿದ್ದ ಹಳೆಯ ದಂಡ ಸಂಹಿತೆಯ 309ನೇ ಸೆಕ್ಷನ್ ಉಳಿದಿಲ್ಲ. ಪೊಲೀಸ್ ಕೇಸಾಗುತ್ತದೆಂಬ ಭಯದಿಂದ ವಿಷ ಕುಡಿದವರನ್ನು ಮನೆಯಲ್ಲೇ ಇಟ್ಟುಕೊಳ್ಳುವವರು ಹಳ್ಳಿಗಳಲ್ಲಿ ಇನ್ನೂ ಇರುವುದರಿಂದ ಈ ಮಾಹಿತಿಯನ್ನು ಮತ್ತೆ ಮತ್ತೆ ಬರೆಯಬೇಕಾಗಿದೆ.

ಪುಸ್ತಕದಿಂದ ಜೀವನ ನಡೆಯುತ್ತದೆಯೆ?

ನಡೆಯುವುದಿಲ್ಲ. ಕನ್ನಡದಲ್ಲಿ ಐನೂರರಿಂದ ಸಾವಿರ ಪ್ರತಿಗಳ ಮುದ್ರಣ, ಮುಖಬೆಲೆಯ ಶೇ. 10ರ ಸುಮಾರಿನ ಗೌರವಧನ ಎಂಬುದು ಸಾಮಾನ್ಯ ಲೆಕ್ಕ. ಸ್ವಂತ ಪ್ರಕಟಣೆಯಾದರೆ ಪುಸ್ತಕವನ್ನು ಗುರುತಿಸುವ ಐ.ಎಸ್.ಬಿ.ಎನ್. ಸಂಖ್ಯೆ ಉಚಿತವಾಗಿ ಸಿಗುತ್ತದೆ. ಯುವ ಬರಹಗಾರರ ಚೊಚ್ಚಲ ಕೃತಿಗೆ ಕನ್ನಡ ಪುಸ್ತಕ ಪ್ರಾಧಿಕಾರದ ಸಹಾಯಧನವಿದೆ. ಗ್ರಂಥಾಲಯ ಇಲಾಖೆಯ ಸಗಟು ಖರೀದಿಗೆ ಅರ್ಜಿ ಹಾಕಬಹುದು.

ಪುಸ್ತಕದ ಮೂಲಕ ಕೇಂದ್ರಕ್ಕೆ ಜನರನ್ನು ಸೆಳೆಯಬಹುದಲ್ಲ?

ಈ ವೃತ್ತಿಯ ನಿಜವಾದ ಜಾರುಬಂಡೆ ಇದೇ. ಓದುಗರನ್ನು ಮೊದಲು ಹೆದರಿಸಿ, ಕೊನೆಯ ಪುಟದಲ್ಲಿ ಫೋನ್ ನಂಬರ್ ಕೊಡುವ ಪುಸ್ತಕ ಜಾಹೀರಾತೇ ಹೊರತು ಆರೋಗ್ಯ ಸಾಹಿತ್ಯವಲ್ಲ. ಓದಿದವರಲ್ಲಿ ಬಹುಪಾಲು ಜನ ನಿಮ್ಮ ಕೇಂದ್ರಕ್ಕೆ ಎಂದೂ ಬರುವುದಿಲ್ಲ, ಬರಬೇಕಾಗಿಯೂ ಇಲ್ಲ. ಅವರಿಗೂ ಉಪಯೋಗವಾಗುವಂತೆ ಬರೆದರೆ ಮಾತ್ರ ಬರಹಕ್ಕೆ ಬೆಲೆ. ಕೇಂದ್ರದ ವಿಳಾಸ ಕೊಡುವುದಾದರೆ ಜಿಲ್ಲಾ ಆಸ್ಪತ್ರೆ ಮತ್ತು ಟೆಲಿ ಮಾನಸ್ ವಿವರವನ್ನು ಅದಕ್ಕಿಂತ ಮೇಲೆ ಕೊಡಿ. ‘ಖಚಿತವಾಗಿ ಗುಣಪಡಿಸುತ್ತೇವೆ’ ಎಂಬ ಮಾತು ಎಲ್ಲಿಯೂ ಬೇಡ. ಮೂರ್ಛೆರೋಗ, ಬುದ್ಧಿಭ್ರಮಣೆಯಂಥವಕ್ಕೆ ಔಷಧದಿಂದ ಪರಿಹಾರವೆಂದು ಜಾಹೀರಾತು ಕೊಡುವುದನ್ನು 1954ರ ಔಷಧ ಮತ್ತು ಮಾಂತ್ರಿಕ ಪರಿಹಾರಗಳ ಕಾಯ್ದೆ ನಿಷೇಧಿಸಿದೆ.

ಆನ್‌ಲೈನ್ ಸಮಾಲೋಚನೆ ಹಳ್ಳಿಯವರಿಗೆ ಒಗ್ಗುತ್ತದೆಯೆ?

ಕೆಲವರಿಗೆ ಚೆನ್ನಾಗಿ ಒಗ್ಗುತ್ತದೆ, ಏಕೆಂದರೆ ಬಸ್ಸಿನ ಖರ್ಚೂ ಒಂದು ದಿನದ ಕೂಲಿಯೂ ಉಳಿಯುತ್ತವೆ. ಆದರೆ ಮನೆಯಲ್ಲಿ ಇರುವುದು ಒಂದೇ ಮೊಬೈಲು, ಅದು ಗಂಡನ ಕೈಯಲ್ಲಿ, ಮಾತನಾಡಲು ಬೇರೆ ಕೋಣೆ ಇಲ್ಲ ಎಂಬ ಸ್ಥಿತಿಯಲ್ಲಿರುವ ಹೆಂಗಸಿಗೆ ವಿಡಿಯೊ ಕರೆ ಸಹಾಯಕ್ಕಿಂತ ಅಪಾಯವೇ ಹೆಚ್ಚು. ಅಂಥವರಿಗೆ ಆಶಾ ಕಾರ್ಯಕರ್ತೆಯರ ಜೊತೆ ಸೇರಿ ಊರಿನಲ್ಲೇ ಭೇಟಿಯಾಗುವ ವ್ಯವಸ್ಥೆ ಬೇಕು. ವೈದ್ಯರು ಫೋನಿನಲ್ಲಿ ಔಷಧ ಬರೆಯುವುದಕ್ಕೆ 2020ರ ಮಾರ್ಚ್ 25ರ ದೂರವೈದ್ಯ ಮಾರ್ಗಸೂಚಿ ಅನ್ವಯಿಸುತ್ತದೆ; ಸಂಗ್ರಹಿಸಿದ ಮಾಹಿತಿಯ ರಕ್ಷಣೆಗೆ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಕಾಯ್ದೆ ಇದೆ. ಸಮಾಲೋಚನೆಯ ಟಿಪ್ಪಣಿಗಳನ್ನು ವಾಟ್ಸ್‌ಆ್ಯಪ್ ಗುಂಪಿನಲ್ಲಿ ಹಂಚಿಕೊಳ್ಳುವ ಅಭ್ಯಾಸವನ್ನು ಸಿಬ್ಬಂದಿ ಮೊದಲ ದಿನವೇ ಬಿಡಬೇಕು.

ಒಂದು ವೇಳೆ ಕೇಂದ್ರವನ್ನು ಮುಚ್ಚಬೇಕಾಗಿ ಬಂದರೆ?

ಈ ಪ್ರಶ್ನೆಯನ್ನು ಕೇಳುವವರು ಕಡಿಮೆ, ಆದರೆ ತೆರೆಯುವ ಮೊದಲೇ ಉತ್ತರ ಬರೆದಿಟ್ಟುಕೊಳ್ಳಬೇಕು. ದಿನಸಿ ಅಂಗಡಿಯಂತೆ ಶಟರ್ ಎಳೆದು ಹೋಗುವ ಉದ್ಯಮ ಇದಲ್ಲ. ಮುಚ್ಚುವ ದಿನಾಂಕವನ್ನು ಸಾಧ್ಯವಾದಷ್ಟು ಮುಂಚೆ ತಿಳಿಸುವುದು, ಪ್ರತಿಯೊಬ್ಬರಿಗೂ ಇನ್ನೊಬ್ಬ ಸಮಾಲೋಚಕರನ್ನೋ ಜಿಲ್ಲಾ ಆಸ್ಪತ್ರೆಯನ್ನೋ ಗೊತ್ತುಮಾಡಿ ಪತ್ರ ಕೊಡುವುದು, ಆತ್ಮಹತ್ಯೆಯ ಯೋಚನೆ ಇರುವವರನ್ನು ಎಲ್ಲರಿಗಿಂತ ಮೊದಲು ಬೇರೆಯವರ ಆರೈಕೆಗೆ ಒಪ್ಪಿಸುವುದು, ದಾಖಲೆಗಳನ್ನು ರದ್ದಿಗೆ ಹಾಕದೆ ಯಾರ ವಶದಲ್ಲಿ ಇರುತ್ತವೆಂದು ಅವರವರಿಗೇ ಹೇಳುವುದು, ಮುಂಗಡ ಪಡೆದ ಶುಲ್ಕವನ್ನು ಹಿಂತಿರುಗಿಸುವುದು, ಇವಿಷ್ಟೂ ಮಾಲೀಕರ ಹೊಣೆ. ಎರಡು ತಿಂಗಳ ಬಾಡಿಗೆ ಮತ್ತು ಸಂಬಳದಷ್ಟು ಹಣವನ್ನು ಇದಕ್ಕೆಂದೇ ಬೇರೆ ಖಾತೆಯಲ್ಲಿ ಇಟ್ಟಿರಬೇಕು.